ಹೇಳಿದವರು ಹೋದ ಮೇಲೆ ಉಳಿದ ದನಿ

ಹಾಡುವವನು ಸತ್ತ ಮೇಲೆ ಅವನ ದನಿ ಯಾರದು? ಅವನದೇ, ಮನೆಯವರದೇ, ಇಲ್ಲಾ ಕೇಳೋ ಜನದ್ದೇ? ಏಳನೇ ಕ್ಲಾಸು ಓದಿದ ನನಗೆ ಅರವತ್ತು ದಾಟಿದ ಮೇಲೆ ಈ ಪ್ರಶ್ನೆ ಹುಟ್ಟಿದ್ದು ನಮ್ಮ ಪಣಕಹಳ್ಳಿಯಲ್ಲಲ್ಲ, ಬೆಂಗಳೂರಿನ ಮೆಟ್ರೋದಲ್ಲಿ.

2024ರ ಆಗಸ್ಟ್‌ನಲ್ಲಿ ಎಲೆಕೋಸು ಕೊಯ್ದು ಲಾರಿಗೆ ಹಾಕಿ, ದಾಸರಹಳ್ಳಿಯ ಮಗಳ ಮನೆಗೆ ಹೊರಟೆ. ಮೈಸೂರು ರಸ್ತೆಯಲ್ಲಿ ಬಸ್ಸಿಳಿದಾಗ ಅಳಿಯ ಕಾದಿದ್ದ. ಅಲ್ಲಿಂದ ನೇರಳೆ ಮಾರ್ಗದ ರೈಲು. ಮೆಜೆಸ್ಟಿಕ್ಕಿನಲ್ಲಿ ಇಳಿದು ಹಸಿರು ಮಾರ್ಗದ್ದು ಹತ್ತಬೇಕು. ದೀಪಾಂಜಲಿನಗರ, ಅತ್ತಿಗುಪ್ಪೆ, ವಿಜಯನಗರ, ಹೊಸಹಳ್ಳಿ. ಪ್ರತಿ ಸ್ಟೇಷನ್ನು ಬರುವ ಮುಂಚೆ ಒಬ್ಬ ಹೆಣ್ಣುಮಗಳು ತಿಳಿಗನ್ನಡದಲ್ಲಿ ಹೆಸರು ಹೇಳ್ತಾರೆ. ಅವಸರ ಇಲ್ಲ, ಎಳೆತ ಇಲ್ಲ. ನನ್ನದು ಹಾಡುಗಾರನ ಕಿವಿ, ಅಲ್ಲೇ ನಿಂತುಬಿಟ್ಟಿತು.

"ಚೆಂದಾಗಿ ಹೇಳ್ತಾರೆ ಕನಪ್ಪ" ಅಂದೆ.

"ಅವರು ಈಗಿಲ್ಲ ಮಾವ. ಅಪರ್ಣಾ ಅಂತ. ಹೋದ ತಿಂಗಳು ತೀರ್ಕೊಂಡ್ರು" ಅಂದ.

ಪುಟ್ಟಣ್ಣ ಕಣಗಾಲರ 'ಮಸಣದ ಹೂವು' ಸಿನಿಮಾದಲ್ಲಿ ನಟಿಸಿದ್ದ, ದೂರದರ್ಶನದಲ್ಲಿ ಕನ್ನಡ ಮಾತಾಡಿ ಹೆಸರಾಗಿದ್ದ ಅದೇ ಅಪರ್ಣಾ. ಜುಲೈ 11ರಂದು ಕ್ಯಾನ್ಸರಿನಿಂದ ಹೋಗಿದ್ದರು. ಸುತ್ತ ಜನ ಫೋನು ನೋಡ್ತಿದ್ದರು, ಇಳೀತಿದ್ದರು, ಹತ್ತುತ್ತಿದ್ದರು. ನನಗೆ ಮಾತ್ರ ಮೈ ಜುಂ ಅಂತು.

ಈ ಮೆಟ್ರೋ ಮೊದಲು ಓಡಿದ್ದು 2011ರ ಅಕ್ಟೋಬರ್ 20ರಂದು, ಬೈಯಪ್ಪನಹಳ್ಳಿಗೂ ಎಂ.ಜಿ. ರಸ್ತೆಗೂ ನಡುವೆ, ಆರೇ ಸ್ಟೇಷನ್ನು. ಈಗ ನೇರಳೆ ಮಾರ್ಗ ಒಂದೇ ಚಲ್ಲಘಟ್ಟದಿಂದ ವೈಟ್‌ಫೀಲ್ಡ್‌ವರೆಗೆ 43 ಕಿಲೋಮೀಟರು, 37 ಸ್ಟೇಷನ್ನು. ನಮ್ಮ ಮಾದಪ್ಪನ ಕಥೆಯೂ ಹೀಗೇ. ಶ್ರವಣದೊರೆ ಸಾಲು, ಜುಂಜೇಗೌಡನ ಸಾಲು, ಸಂಕಮ್ಮನ ಸಾಲು, ಇಕ್ಕೇರಿ ದೇವಮ್ಮನ ಸಾಲು. ಒಂದು ಬಿಟ್ಟುಹೋದರೆ ಕೇಳುವವನಿಗೆ ದಾರಿ ತಪ್ಪುತ್ತೆ.

ನನ್ನಿಂದ ಒಂದು ಬಿಟ್ಟುಹೋಗಿದೆ. ಅದನ್ನ ಹೇಳೋಕೇ ಇದನ್ನ ಬರೀತಿದೀನಿ.

ಬಹಳ ವರ್ಷದ ಹಿಂದೆ ಒಬ್ಬ ಹುಡುಗ ಟೇಪ್ ರೆಕಾರ್ಡರ್ ಹಿಡಿದು ನಮ್ಮ ಗುರುವಿನ ಹತ್ರ ಬಂದ. ಗುರು ಹೂಂ ಅಂದರು. ನಾನು ತಡೆದೆ. "ದೇವರ ಪದ ಡಬ್ಬಕ್ಕೆ ಹಾಕಬಾರದು" ಅಂದೆ. ಬಾಯಲ್ಲಿ ಭಕ್ತಿ ಇತ್ತು, ಹೊಟ್ಟೆಯಲ್ಲಿ ಬೇರೆ ಇತ್ತು. ಕ್ಯಾಸೆಟ್ಟು ಆದರೆ ಕಂಡಕಂಡವರು ಕಲೀತಾರೆ, ನನ್ನ ಕಂಸಾಳೆಗೆ ಕರೆ ಕಮ್ಮಿಯಾಗುತ್ತೆ ಅನ್ನೋ ಭಯ. ಮಾರನೇ ವರ್ಷ ಗುರು ಹೋದರು. ನೀಲಯ್ಯ ಸಂಕಮ್ಮನ ಹತ್ರ ಭಾಷೆ ಕೇಳುವ ಜಾಗದಲ್ಲಿ ಅವರು ಹಾಡುತ್ತಿದ್ದ ರೀತಿ ಅವರ ಜೊತೆಗೇ ಹೋಯಿತು. ನಾನು ಪೂರ್ತಿ ಕಲಿತಿರಲಿಲ್ಲ.

ಬಿತ್ತನೆ ಬೀಜ ಯಾರಿಗೂ ಕೊಡಲ್ಲ ಅಂತ ಮಡಗಿಕೊಂಡರೆ ಹುಳ ತಿನ್ನುತ್ತೆ ಅಂತ ಒಕ್ಕಲಿಗನಾದ ನನಗೆ ಗೊತ್ತಿತ್ತು. ಆದರೂ ಹಾಡಿನಲ್ಲಿ ಹಂಗೇ ಮಾಡಿದೆ.

ಹಾಗಂತ ಎಲ್ಲಾ ಯಂತ್ರಕ್ಕೆ ತುಂಬಿಬಿಟ್ಟರೆ ಸಾಕಾ? ಮಾಗಡಿ ರಸ್ತೆ ಸ್ಟೇಷನ್ನು ದಾಟಿದಾಗ ಎದುರಿನ ಮುದುಕಮ್ಮ ಗಾಬರಿಯಾಗಿ, "ಅಯ್ಯೋ, ಹೊಸಳ್ಳಿ ಹೋಗ್ಬುಡ್ತಾ?" ಅಂತ ಕೇಳಿತು. ಆ ದನಿ ಮುಂದಿನ ಸ್ಟೇಷನ್ನಿನ ಹೆಸರು ಹೇಳಿತೇ ಹೊರತು ಮುದುಕಮ್ಮನಿಗೆ ಉತ್ತರ ಕೊಡಲಿಲ್ಲ. ಪಕ್ಕದ ಹುಡುಗಿ ಫೋನು ಇಟ್ಟು, ಜೊತೆಗೆ ಇಳಿದು ಆಚೆ ಕಡೆ ರೈಲು ಹತ್ತಿಸ್ತೀನಿ ಅಂದಳು. ಉಳಿದ ದನಿ ದಾರಿ ಹೇಳುತ್ತೆ, ಆದರೆ ತಪ್ಪಿದವರ ಕೈ ಹಿಡಿಯೋಕೆ ಬದುಕಿರೋ ಮನುಷ್ಯನೇ ಬೇಕು. ಗುರುವಿನ ಕೆಲಸ ಆ ಹುಡುಗಿ ಮಾಡಿದ್ದು.

ನನಗೆ ತಿಳಿದ ಮಟ್ಟಿಗೆ, ಗಂಟಲು ನನ್ನದು, ಪದ ನನ್ನದಲ್ಲ. ಗುರು ಕೊಟ್ಟದ್ದು, ಅವರಿಗೆ ಅವರ ಗುರು ಕೊಟ್ಟದ್ದು. ನಡುವೆ ನಿಂತವನು ಬಾಗಿಲು ಹಾಕಬಾರದು.

ಈಗ ಸೋಮವಾರ ಸಂಜೆ ಇಬ್ಬರು ಹುಡುಗರು ಬರ್ತಾರೆ. ಮೊಮ್ಮಗಳು ಫೋನಿನಲ್ಲಿ ಹಿಡ್ಕೋತಾಳೆ, ಹುಡುಗರು ಬಾಯಲ್ಲಿ ಹಿಡ್ಕೋತಾರೆ. ಭಾಷೆ ಕೇಳುವ ಜಾಗ ಬಂದಾಗ ಕಂಸಾಳೆ ನಿಲ್ಲಿಸಿ, "ಇಲ್ಲಿ ಗುರು ಬೇರೆ ಥರ ಹಾಡ್ತಿದ್ರು. ನನ್ನ ತಪ್ಪಿನಿಂದ ಅದು ಹೋಯ್ತು" ಅಂತ ಹೇಳಿ ಮುಂದಕ್ಕೆ ಹಾಡ್ತೀನಿ. ಮೊಮ್ಮಗಳ ಫೋನಿನಲ್ಲಿ ಆ ಮಾತೂ ಇದೆ.