ಎಲ್ಲವ್ವನ ಬಳೆ, ಅವ್ವನ ಹಣೆ

ಪುಣೆಯಲ್ಲಿ ಸಂಕ್ರಾಂತಿಯಿಂದ ರಥಸಪ್ತಮಿಯವರೆಗೆ ಮನೆಮನೆಯಲ್ಲೂ ಹಳದಿ-ಕುಂಕು. ಹೋದ ವರ್ಷ ನಮ್ಮಲ್ಲೂ ಇತ್ತು. ಕಾಲಿಂಗ್ ಬೆಲ್ ಆಗುತ್ತಲೇ ಅವ್ವ ಎದ್ದಳು. "ನೀ ಮಾಡ್ಕೊ, ನಾ ಒಳಗ ಕುಸುರೆಳ್ಳು ಪೊಟ್ಟಣ ಕಟ್ತೀನಿ" ಅಂದಳು. ಅಪ್ಪ ತೀರಿಕೊಂಡು ಆಗ ಎಂಟು ತಿಂಗಳು. ಆಫೀಸಿನಲ್ಲಿ ದಿನವಿಡೀ ಮಾತಾಡುವ ನನಗೆ ಅವಳನ್ನು ತಡೆಯಲು ಒಂದು ಮಾತು ಬರಲಿಲ್ಲ.

ಆ ರಾತ್ರಿ ನೆನಪಾದದ್ದು ನಮ್ಮ ಮನೆದೇವರು, ಸವದತ್ತಿಯ ಎಲ್ಲವ್ವ. ಜಮದಗ್ನಿಯ ಹೆಂಡತಿ ರೇಣುಕೆಯೇ ಅವಳು; ಗಂಡ ಸತ್ತಾಗ ಅವಳೂ ವಿಧವೆಯಾದವಳು. ಮಾರ್ಗಶಿರದ ಹೊಸ್ತಿಲ ಹುಣ್ಣಿಮೆಗೆ ಅವಳ ಕಂಕಣ-ಮಾಂಗಲ್ಯ ತೆಗೆಯುತ್ತಾರೆ. ಜನರ ಬಾಯಲ್ಲಿ ಅದು ರಂಡೆ ಹುಣ್ಣಿಮೆ. ಮಾಘದ ಭಾರತ ಹುಣ್ಣಿಮೆಗೆ ಮತ್ತೆ ಮಾಂಗಲ್ಯ. ಅದು ಮುತ್ತೈದೆ ಹುಣ್ಣಿಮೆ. ಕ್ಯಾಲೆಂಡರ್ ತೆಗೆದು ನೋಡಿದೆ: ನಮ್ಮ ಹಳದಿ-ಕುಂಕು ದಿನಗಳೆಲ್ಲ ಇವೆರಡರ ನಡುವೆಯೇ ಬರುತ್ತವೆ. ಆ ದಿನಗಳಲ್ಲಿ ಎಲ್ಲವ್ವನೇ ನಮ್ಮ ಮನೆಗೆ ಬಂದರೂ, ನಮ್ಮ ಲೆಕ್ಕದಲ್ಲಿ ಅವಳಿಗೆ ಕುಂಕುಮವಿಲ್ಲ. ಗುಡ್ಡದಲ್ಲಿ ಮಾತ್ರ ನಡುವಿನ ಬನದ ಹುಣ್ಣಿಮೆಗೂ ಜನ ಕಿಕ್ಕಿರಿದಿರುತ್ತಾರೆ. ಬಳೆ ತೆಗೆದದ್ದರಿಂದ ಅವಳ ಶಕ್ತಿ ಕುಂದಿತೆಂದು ಯಾರೂ ಹಿಂದಿರುಗುವುದಿಲ್ಲ.

ಈ ರಿಯಾಯಿತಿ ಅವ್ವನಿಗೆ ಯಾಕಿಲ್ಲ? ದೇವರನ್ನು ಹೆಣ್ಣಾಗಿ ಪೂಜಿಸುವ ನಾಡಿನಲ್ಲಿ ಹೆಣ್ಣಿಗೆ ಗೌರವ ತಾನಾಗಿ ಬರುತ್ತದೆ ಎಂದು ನಂಬಿದ್ದೆ. ಬರುವುದಿಲ್ಲ. ಇದೇ ಎಲ್ಲವ್ವನ ಹೆಸರಿನಲ್ಲಿ ಹುಡುಗಿಯರನ್ನು ದೇವದಾಸಿಯರಾಗಿ ಬಿಡುತ್ತಿದ್ದರು. ಅದನ್ನು ನಿಲ್ಲಿಸಲು ಕರ್ನಾಟಕಕ್ಕೆ 1982ರ ಕಾಯ್ದೆ ಬೇಕಾಯಿತು. ವಿಧವೆಯ ಕುಂಕುಮ ಅಳಿಸುವ, ಬಳೆ ಒಡೆಯುವ ಪದ್ಧತಿ ಬೇಡವೆಂದು ಕೊಲ್ಹಾಪುರ ಜಿಲ್ಲೆಯ ಹೇರವಾಡ ಗ್ರಾಮ 2022ರಲ್ಲಿ ಠರಾವು ಮಾಡಿತು. ಅದನ್ನೂ ಮಾಡಿದ್ದು ದೇವಿಯಲ್ಲ, ಕೂತು ಯೋಚಿಸಿದ ಜನ.

ಈ ವರ್ಷ ನಾನೇ ಕುಂಕುಮದ ಭರಣಿ ಹಿಡಿದು ಅವ್ವನ ಮುಂದೆ ನಿಂತೆ.

"ಬ್ಯಾಡವ್ವ. ನಿನ್ನ ಸಮಾಧಾನಕ್ಕ ನನ್ನ ಹಣಿ ಯಾಕ?"

ನಾಚಿಕೆಯಾಯಿತು. ಅಳಿಸು ಅನ್ನುವುದು ಅಪ್ಪಣೆಯಾದರೆ ಹಚ್ಚಿಕೊ ಅನ್ನುವುದೂ ಅಪ್ಪಣೆಯೇ. ಎಲ್ಲವ್ವನ ಕಥೆಯಲ್ಲೂ ನನಗೆ ಕಾಡುವುದು ಅದೇ: ತೆಗೆಯುವವರೂ ಬೇರೆಯವರು, ತೊಡಿಸುವವರೂ ಬೇರೆಯವರು. ಅವಳನ್ನು ಕೇಳಿದವರು ಯಾರು?

"ಕುಂಕುಮ ಬ್ಯಾಡ ಬಿಡು. ಒಳಗ ಮಾತ್ರ ಹೋಗಬ್ಯಾಡ" ಅಂದೆ.

ಅವ್ವ ಸ್ವಲ್ಪ ಹೊತ್ತು ಸುಮ್ಮನಿದ್ದಳು. ಆಮೇಲೆ ತಟ್ಟೆ ತೊಡೆಯ ಮೇಲಿಟ್ಟುಕೊಂಡು ಹಾಲಿನಲ್ಲೇ ಕೂತು, ಬಂದವರಿಗೆಲ್ಲ ತಾನೇ ಕುಸುರೆಳ್ಳು ಕೊಟ್ಟಳು. ಒಬ್ಬಿಬ್ಬರು ಹಿಂಜರಿದರು, ನನ್ನ ಮುಖ ನೋಡಿದರು, ಆಮೇಲೆ ಕೈಯೊಡ್ಡಿದರು. ಮುಂದಿನ ವರ್ಷ ಅವರು ಬರುತ್ತಾರೋ ಇಲ್ಲವೋ. ಅವ್ವ ಅಲ್ಲೇ ಕೂತಿರುತ್ತಾಳೆ.