ಬಂದದ್ದನ್ನ ಕಳಿಸಿದೆ, ಅಷ್ಟೆ

2024ರ ಡಿಸೆಂಬರ್‌ನಲ್ಲಿ ಇಲ್ಲಿ ಚೆನ್ನೈನ ಅಣ್ಣಾ ವಿಶ್ವವಿದ್ಯಾಲಯದ ಆವರಣದಲ್ಲಿ ವಿದ್ಯಾರ್ಥಿನಿಯೊಬ್ಬಳ ಮೇಲೆ ಅತ್ಯಾಚಾರವಾಯಿತು. ಧೈರ್ಯಮಾಡಿ ದೂರು ಕೊಟ್ಟಳು. ಕೆಲವೇ ದಿನದಲ್ಲಿ ಆ ಎಫ್‌ಐಆರ್, ಅವಳ ಹೆಸರು ವಿಳಾಸ ಸಮೇತ, ಮೊಬೈಲಿನಿಂದ ಮೊಬೈಲಿಗೆ ಹರಿಯಿತು. ಇಂಥವು ಪೊಲೀಸ್ ಜಾಲತಾಣದಲ್ಲಿ ತಾವಾಗಿಯೇ ಮುಚ್ಚಿರಬೇಕು. ಐಪಿಸಿ ಹೋಗಿ ಹೊಸ ಸಂಹಿತೆ ಬಂದಾಗ ಬೀಗ ಬೀಳಲಿಲ್ಲ ಎಂಬ ವಿವರಣೆ ಬಂತು. ಮದ್ರಾಸ್ ಹೈಕೋರ್ಟ್ ಅವಳಿಗೆ 25 ಲಕ್ಷ ರೂಪಾಯಿ ಮಧ್ಯಂತರ ಪರಿಹಾರ ಕೊಡಿಸಿತು. 2025ರ ಜೂನ್‌ನಲ್ಲಿ ಅಪರಾಧಿಗೆ ಜೀವಾವಧಿ ಶಿಕ್ಷೆಯಾಯಿತು.

ಬೀಗ ಹಾಕದವರ ತಪ್ಪು ಸರಿ. ಇಣುಕಿದವರದು? "ನಾನೇನು ಕದ್ದೆನೇ ಸ್ವಾಮಿ? ಬಂದದ್ದನ್ನ ಕಳಿಸಿದೆ, ಅಷ್ಟೆ" ಎಂದರು ಇಲ್ಲಿನ ನಮ್ಮ ಕನ್ನಡದವರೊಬ್ಬರು. ಒಳ್ಳೆಯ ಮನುಷ್ಯರೇ, ಹಬ್ಬಕ್ಕೆ ಒಬ್ಬಟ್ಟು ಕಳಿಸುವವರು. ಆದರೆ ಸಂತ್ರಸ್ತೆಯ ಗುರುತು ಬಯಲುಮಾಡಿದರೆ ಎರಡು ವರ್ಷದವರೆಗೆ ಜೈಲು ಎನ್ನುತ್ತದೆ ಸಂಹಿತೆಯ 72ನೇ ಕಲಂ. ಕಾನೂನು ಹಾಗಿರಲಿ. ಕದ್ದ ಮಾಲನ್ನಾದರೂ ವಾಪಸು ಕೊಡಬಹುದು, ತಿಳಿದ ಹೆಸರನ್ನು ಹೇಗೆ ವಾಪಸು ಕೊಡೋದು?

ಮಗಳನ್ನು ಇಲ್ಲಿ ಓದಲು ಬಿಟ್ಟಿರುವ ಧಾರವಾಡದ ತಾಯಿಯೊಬ್ಬರು ಆಗ ಕೇಳಿದ್ದರು: "ನಾಳೆ ಏನರೆ ಆದ್ರ ಠಾಣೆಗೆ ಹೋಗು ಅಂತ ಹೇಳ್ಲೋ, ಬ್ಯಾಡೋ?"

ಹೇಳಿ ಎಂದೆ. ಹೋಗದಿದ್ದರೆ ಆ ಅಪರಾಧಿ ಇನ್ನೂ ಅದೇ ಆವರಣದಲ್ಲಿ ಓಡಾಡಿಕೊಂಡಿರುತ್ತಿದ್ದ. ಆಕೆ ತಲೆಯಾಡಿಸಿದರು, ಒಪ್ಪಿದ ಹಾಗೆ ಕಾಣಲಿಲ್ಲ.