ವಾರಿಗೆಯವರು

ಪುಣೆಯ ಕೊಂಢವಾದ ಬಾಡಿಗೆ ಮನೆಯಲ್ಲಿ ಕೂತು ವಿಜಯಪುರ ಜಿಲ್ಲೆಯ ಒಂದು ಹಳ್ಳಿ ಶಾಲೆಯ ಏಳನೇ ತರಗತಿಯ ಬಗ್ಗೆ ಬರೆಯಹೊರಟೆ. ಮೊದಲು ನೆನಪಾದದ್ದು ಮುಖಗಳಲ್ಲ, ಹಾಜರಿ. ನನ್ನ ಹೆಸರಿನ ಹಿಂದೊಂದು ಹೆಸರು, ಮುಂದೊಂದು ಹೆಸರು. ಆ ಎರಡರ ನಡುವೆ ನನ್ನ ಜಾಗ.

*

ಗೆಳೆಯರನ್ನು ನಾವು ಆರಿಸಿಕೊಳ್ಳುತ್ತೇವೆ. ಒಂದೇ ತರಗತಿಯವರನ್ನು ಹುಟ್ಟಿದ ವರ್ಷವೇ ತಂದು ಪಕ್ಕದಲ್ಲಿ ಕೂಡಿಸುತ್ತದೆ.

*

ಮರಾಠಿಯಲ್ಲಿ ‘ವರ್ಗಮಿತ್ರ’. ಒಂದೇ ಕೋಣೆಯಲ್ಲಿ ಕೂತವರೆಲ್ಲ ಮಿತ್ರರೆಂದು ಆ ಪದ ಮೊದಲೇ ಒಪ್ಪಿಬಿಟ್ಟಿದೆ. ನಮ್ಮ ‘ಸಹಪಾಠಿ’ ಪಾಠದ ಮಟ್ಟಿಗೆ ನಿಲ್ಲುತ್ತದೆ. ಅವ್ವ ಹೇಳುತ್ತಿದ್ದ ‘ವಾರಿಗೆಯವರು’ ನನಗೆ ಹತ್ತಿರ. ಶಾಲೆ ಬಿಟ್ಟವನೂ ವಾರಿಗೆಯಿಂದ ಹೊರಗೆ ಹೋಗಲಾರ.

*

ಯಾರು ಏನಾದರು ಎಂಬ ಪಟ್ಟಿ ಪ್ರಬಂಧವಲ್ಲ. ಯಾರ ಡಬ್ಬಿಯ ಶೇಂಗಾ ಹಿಂಡಿ ಯಾರ ರೊಟ್ಟಿಗೆ ಹೋಯಿತು ಎನ್ನುವಲ್ಲಿ ಅದು ಶುರುವಾಗುತ್ತದೆ.

*

ಜಾಣನ ಬಗ್ಗೆ ಬರೆಯುವುದು ಸುಲಭ, ತುಂಟನ ಬಗ್ಗೆ ಇನ್ನೂ ಸುಲಭ. ನಡುಸಾಲಿನಲ್ಲಿ ಸುಮ್ಮನೆ ಕೂತವನ ಮುಂದೆ ಪೆನ್ನು ನಿಂತುಬಿಡುತ್ತದೆ.

*

ಬೇಂದ್ರೆಯವರು 1918ರಲ್ಲಿ ಇದೇ ಪುಣೆಯ ಫರ್ಗ್ಯುಸನ್ ಕಾಲೇಜಿನಿಂದ ಪದವಿ ಪಡೆದವರು. ಮುಂದೆ ಧಾರವಾಡದಲ್ಲಿ ಅವರ ಸುತ್ತ ‘ಗೆಳೆಯರ ಗುಂಪು’ ಬೆಳೆಯಿತು. ಎಲ್ಲರಿಗೂ ಇಂಥ ಎರಡನೆಯ ತರಗತಿ ಸಿಗುವುದಿಲ್ಲ. ನಮ್ಮಂಥವರು ಮೊದಲನೆಯದನ್ನೇ ಮತ್ತೆ ಮತ್ತೆ ಕೂಗಿ ಕರೆಯಬೇಕು.

*

ಹುಡುಗಿಯರು ಎಡಗಡೆ, ನಾವು ಬಲಗಡೆ. ಅವರ ಹೆಸರು ನನಗೆ ಹಾಜರಿಯಿಂದಷ್ಟೇ ಗೊತ್ತು. ಅವರಲ್ಲೊಬ್ಬಳು ಬರೆದರೆ ಅದು ಬೇರೆಯೇ ಶಾಲೆ. ನಾನು ಬರೆಯುವುದು ಅರ್ಧ ತರಗತಿಯನ್ನು. ಇದನ್ನು ಮೊದಲ ಪುಟದಲ್ಲೇ ಹೇಳಬೇಕು.

*

ವರ್ಷದ ನಡುವೆ ಒಂದು ದಿನ ಒಬ್ಬನ ಹೆಸರು ಕೂಗಿದಾಗ ಉತ್ತರ ಬರಲಿಲ್ಲ. ‘ಅವ್ವ ಅಪ್ಪನ ಜೋಡಿ ದುಡಿಯಾಕ ಪುಣೆಕ್ಕ ಹೋಗ್ಯಾನ್ರಿ’ ಎಂದರು ಯಾರೋ. ಮಾಸ್ತರರು ಕೆಲವು ದಿನ ಕೂಗಿದರು, ಆಮೇಲೆ ಬಿಟ್ಟರು. ನಾನು ಅವನ ಜಾಗಕ್ಕೆ ಸರಿದು ಕೂತೆ. ಅಲ್ಲಿಂದ ಬೋರ್ಡು ಚೆನ್ನಾಗಿ ಕಾಣುತ್ತಿತ್ತು. ಈ ಕೊನೆಯ ವಾಕ್ಯ ಬರೆಯಲು ನನಗೆ ಮೂವತ್ತು ವರ್ಷ ಬೇಕಾಯಿತು.

*

2019ರ ಜೂನ್ 29ರ ನಡುರಾತ್ರಿ ಕಳೆದ ಮೇಲೆ, ಮಳೆಯಲ್ಲಿ, ಇಲ್ಲೇ ಕೊಂಢವಾದಲ್ಲಿ ವಸತಿ ಸಮುಚ್ಚಯವೊಂದರ ಕಾಂಪೌಂಡ್ ಗೋಡೆ ಕಟ್ಟಡ ಕಾರ್ಮಿಕರ ಶೆಡ್ಡುಗಳ ಮೇಲೆ ಕುಸಿಯಿತು. 15 ಜನ ಸತ್ತರು. ಹೆಚ್ಚಿನವರು ಬಿಹಾರದಿಂದ ಬಂದವರು, ಮಕ್ಕಳೂ ಇದ್ದರು. ಆ ಮಕ್ಕಳಿಗೂ ಎಲ್ಲೋ ವಾರಿಗೆಯವರು ಇದ್ದಾರೆ. ಈಗ ಅವರಿಗೆ ಪ್ರಬಂಧ ಬರೆಯುವ ವಯಸ್ಸು ಬರುತ್ತಿದೆ.

*

ಇನ್ನೊಬ್ಬರ ಬಡತನ ನನ್ನ ಬರಹಕ್ಕೆ ಒಡವೆಯಲ್ಲ. ಸಹಪಾಠಿಯೊಬ್ಬನ ಹರಿದ ಅಂಗಿಯನ್ನು ಬರೆಯುವ ಮೊದಲು, ಅದನ್ನು ನೋಡಿ ಅಂದು ನಾನೇನು ಮಾಡಿದೆ ಎಂದು ಬರೆಯಬೇಕು. ಹೆಸರು ಬದಲಿಸಿದರೆ ಸಾಲದು, ಊರವರು ಅಂಗಿಯಿಂದಲೇ ಗುರುತು ಹಿಡಿಯುತ್ತಾರೆ. ಸಿಕ್ಕವರಿಗೆ ಓದಿ ಹೇಳಿ, ಬೇಡವೆಂದದ್ದನ್ನು ತೆಗೆಯಬೇಕು. ಸಿಗದವರದನ್ನು ಇನ್ನೂ ಹೆಚ್ಚು ತೆಗೆಯಬೇಕು.

*

ನೆನಪು ತಪ್ಪಿದಲ್ಲಿ ಕಥೆ ಹೆಣೆಯಬಾರದು. ಮರೆತೆ ಎಂದು ಬರೆದರೆ ಓದುವವರಲ್ಲಿ ಯಾರಾದರೂ ನೆನಪಿಸಿಕೊಟ್ಟಾರು.

*

ಇಲ್ಲಿನ ಖಡಿ ಮಷಿನ್ ಚೌಕದಲ್ಲಿ ಒಮ್ಮೊಮ್ಮೆ ಗಾರೆ ಕೆಲಸದವರ ಬಾಯಲ್ಲಿ ನಮ್ಮ ಕಡೆಯ ಕನ್ನಡ ಕೇಳಿಸುತ್ತದೆ. ನಿಂತು ಮುಖ ನೋಡುತ್ತೇನೆ, ವಯಸ್ಸಿನ ಲೆಕ್ಕ ಹಾಕುತ್ತೇನೆ. ಮೊನ್ನೆ ಒಬ್ಬರನ್ನು ಕೇಳಿಯೇಬಿಟ್ಟೆ: ‘ಯಾವ ಸಾಲ್ಯಾಗ ಕಲ್ತೀರಿ?’

‘ಸಾಲಿ ಎಲ್ಲೀದ್ರಿ,’ ಎಂದು ಅವರು ಸಿಮೆಂಟಿನ ಪುಟ್ಟಿ ಎತ್ತಿಕೊಂಡರು.